ಅಣ್ಣ ಬರೆದ ಗೇಮ್ ಮತ್ತೆ ಓಡಿದ್ದು ಹೀಗೆ

ಹಳೆಯ ಪಿಸಿ ಗೇಮ್‌ಗಳು ಹೊಸ ಲ್ಯಾಪ್‌ಟಾಪ್‌ನಲ್ಲಿ ಯಾಕೆ ಓಡುವುದಿಲ್ಲ? ಕುಷ್ಟಗಿಯ ನಮ್ಮ ಮನೆಯ ಅಟ್ಟದಲ್ಲಿ ಸಿಕ್ಕ ಒಂದು ಪ್ರಾಜೆಕ್ಟ್ ರಿಪೋರ್ಟ್ ನನಗೆ ಉತ್ತರ ಹುಡುಕಲು ಹಚ್ಚಿತು.

"ಕಾಕಾ, ಅಪ್ಪ ಕಾಲೇಜಿನ್ಯಾಗ ಇದ್ದಾಗ ಕಂಪ್ಯೂಟರ್ ಗೇಮ್ ಬರದಿದ್ನಂತ. ಖರೇನ?"

ಕಾರ ಹುಣ್ಣಿಮೆಗೆ ಕುಷ್ಟಗಿಗೆ ಹೋಗಿದ್ದೆ. ಏಳನೇ ಕ್ಲಾಸಿನ ಅಣ್ಣನ ಮಗ ಮೊಬೈಲ್‌ನಿಂದ ತಲೆ ಎತ್ತದೆಯೇ ಈ ಪ್ರಶ್ನೆ ಕೇಳಿದ. ನಮ್ಮವ್ವ ಅವನಿಗೆ ಹೇಳಿದ್ದಳಂತೆ. ಅವನಿಗೆ ನಂಬಿಕೆ ಬಂದಿರಲಿಲ್ಲ. ಅವನು ಹುಟ್ಟಿದಾಗಿನಿಂದ ಕಂಡ ಅಪ್ಪ ಬೀಜ-ಗೊಬ್ಬರದ ಅಂಗಡಿಯಲ್ಲಿ ಕೂತು ಬಿಲ್ ಬರೆಯುವ ಅಪ್ಪ. ಆ ಮನುಷ್ಯನಿಗೂ ಗೇಮ್‌ಗೂ ಎಲ್ಲಿಯ ಸಂಬಂಧ?

"ಖರೇ" ಅಂದೆ. "ನಾನೇ ಆಡೀನಿ."

2004ರಲ್ಲಿ ಅಣ್ಣ ಕಂಪ್ಯೂಟರ್ ಸೈನ್ಸ್ ಡಿಪ್ಲೊಮಾ ಓದುತ್ತಿದ್ದ. ಪ್ರಾಜೆಕ್ಟ್ ಅಂತ ಎಲ್ಲರೂ ಲೈಬ್ರರಿ ಮ್ಯಾನೇಜ್‌ಮೆಂಟ್, ಸಂಬಳದ ಪಟ್ಟಿ ಮಾಡುತ್ತಿದ್ದ ಕಾಲ. ಅಣ್ಣ ಮಾತ್ರ ಕರಿ ಹರಿಯುವ ಆಟ ಮಾಡಿದ್ದ. ನಮ್ಮ ಕಡೆಯವರಿಗೆ ಗೊತ್ತಿರುವ ಹಬ್ಬವೇ: ಕಾರ ಹುಣ್ಣಿಮೆಯ ಸಂಜೆ ಸಿಂಗಾರ ಮಾಡಿದ ಎತ್ತುಗಳನ್ನು ಓಡಿಸುತ್ತಾರೆ, ಮೊದಲು ಬಂದ ಎತ್ತು ಕರಿ ಹರಿಯುತ್ತದೆ. ಗೆದ್ದ ಎತ್ತಿನ ಬಣ್ಣ ನೋಡಿ ಆ ವರ್ಷ ಯಾವ ಬೆಳೆ ಕೈಹಿಡಿಯುತ್ತದೆ ಎಂದು ಹಿರಿಯರು ಲೆಕ್ಕ ಹಾಕುತ್ತಾರೆ. ಅಣ್ಣನ ಆಟದಲ್ಲಿ ಒಂದು ಬಿಳಿ ಎತ್ತು, ಒಂದು ಕಂದು ಎತ್ತು. ಇಬ್ಬರು ಒಂದೇ ಕೀಬೋರ್ಡ್‌ನಲ್ಲಿ ಆಡಬೇಕು. ಯಾರು ತಮ್ಮ ಕೀಲಿಯನ್ನು ಜೋರಾಗಿ ಒತ್ತುತ್ತಾರೋ ಅವರ ಎತ್ತು ಮುಂದೆ. ಹತ್ತು ವರ್ಷದ ನನಗೆ ಆಗ ಜಗತ್ತಿನಲ್ಲಿ ಅದಕ್ಕಿಂತ ದೊಡ್ಡ ಗೇಮ್ ಇರಲಿಲ್ಲ.

ಅಂದು ರಾತ್ರಿ ಅಟ್ಟ ಹತ್ತಿದೆವು. ಎರಡು ಫ್ಲಾಪಿ ಸಿಕ್ಕವು. ಹಳೆಯ ಯುಎಸ್‌ಬಿ ಫ್ಲಾಪಿ ಡ್ರೈವ್ ಒಂದನ್ನು ಪರಿಚಯದವರಿಂದ ತಂದು ಹಾಕಿದರೆ ಕರಕರ ಸದ್ದು ಬಿಟ್ಟು ಬೇರೇನೂ ಬರಲಿಲ್ಲ. ಒಳಗಿನ ಡಿಸ್ಕ್‌ಗೆ ಬೂಸರು ಹಿಡಿದಿತ್ತು.

"ಹೋಗಲಿ ಬಿಡೋ ತಮ್ಮಾ. ಇಪ್ಪತ್ತು ವರ್ಷ ಆತು" ಅಂದ ಅಣ್ಣ. ಅಂದನೇ ಹೊರತು ಅಟ್ಟದಿಂದ ಇಳಿಯಲಿಲ್ಲ. ಇನ್ನೊಂದು ಟ್ರಂಕ್ ತೆಗೆದ. ಅದರಲ್ಲಿ ಅವನ ಪ್ರಾಜೆಕ್ಟ್ ರಿಪೋರ್ಟ್ ಇತ್ತು. ಅದರ ಕೊನೆಯಲ್ಲಿ ಡಾಟ್ ಮ್ಯಾಟ್ರಿಕ್ಸ್ ಪ್ರಿಂಟರ್‌ನ ಮಸುಕು ಅಕ್ಷರಗಳಲ್ಲಿ ಆಟದ ಪೂರ್ತಿ ಕೋಡ್ ಇತ್ತು. ಒಂದು ಪುಟ ಬಿಟ್ಟು. 31ನೇ ಪುಟ ಯಾವಾಗಲೋ ಕಿತ್ತುಹೋಗಿತ್ತು.

ಇದು ನಮ್ಮ ಮನೆಯ ಕಥೆ ಮಾತ್ರ ಅಲ್ಲ. ನಮ್ಮ ತಲೆಮಾರು ಆಡಿ ಬೆಳೆದ 'ಪ್ರಿನ್ಸ್ ಆಫ್ ಪರ್ಷಿಯಾ' ಗೊತ್ತಲ್ಲ? ಜೋರ್ಡನ್ ಮೆಕ್ನರ್ 1989ರಲ್ಲಿ ಆಪಲ್ 2 ಕಂಪ್ಯೂಟರ್‌ಗೆ ಬರೆದ ಅದರ ಮೂಲ ಕೋಡ್ ಕಳೆದೇ ಹೋಯಿತು ಎಂದುಕೊಂಡಿದ್ದರು. 2012ರಲ್ಲಿ ಅವರ ಅಪ್ಪ ಮನೆಯ ಕಪಾಟಿನಲ್ಲಿ ಒಂದು ಡಬ್ಬ ಫ್ಲಾಪಿ ಕಂಡರು. ಹಳೆಯ ಯಂತ್ರ ಬಲ್ಲವರು ಸೇರಿ ಅದನ್ನು ಓದಿ ಹೊರತೆಗೆದರು. ಇವತ್ತು ಆ ಕೋಡನ್ನು ಯಾರು ಬೇಕಾದರೂ ನೋಡಬಹುದು. ಅವರ ಫ್ಲಾಪಿ ಉಳಿದಿತ್ತು, ನಮ್ಮದು ಉಳಿಯಲಿಲ್ಲ. ನಮಗೆ ಕಾಗದವೇ ಗತಿ.

ಚಿತ್ರ ಬಿಡಿಸುವವರು ಬೇರೆಯವರು

ರಿಪೋರ್ಟಿನ ಮೊದಲ ಪುಟ ತೆರೆದರೆ ಮೊದಲ ಸಾಲಿನಲ್ಲೇ ಹಳೆಯ ಗುರುತಿನವರು ಸಿಕ್ಕರು: ಗ್ರಾಫಿಕ್ಸ್ ಡಾಟ್ ಎಚ್. ಕರ್ನಾಟಕದಲ್ಲಿ ಸಿ ಕಲಿತ ಎರಡು ತಲೆಮಾರಿನವರಿಗೆ ಈ ಹೆಸರು ನೆನಪಿರುತ್ತದೆ. ಟರ್ಬೊ ಸಿ ಜೊತೆ ಬರುತ್ತಿದ್ದ ಗ್ರಾಫಿಕ್ಸ್ ಲೈಬ್ರರಿ ಅದು. ಪೂರ್ತಿ ಹೆಸರು ಬೋರ್ಲ್ಯಾಂಡ್ ಗ್ರಾಫಿಕ್ಸ್ ಇಂಟರ್‌ಫೇಸ್, ಚಿಕ್ಕದಾಗಿ ಬಿಜಿಐ. 1980ರ ದಶಕದ ಕೊನೆಯಲ್ಲಿ ಟರ್ಬೊ ಪ್ಯಾಸ್ಕಲ್ ಮತ್ತು ಟರ್ಬೊ ಸಿ ಜೊತೆ ಬಂತು.

ಇಲ್ಲಿ ಒಂದು ವಿಷಯ ಬಿಡಿಸಿ ಹೇಳಬೇಕು. ಯಾವ ಗೇಮ್ ಕೂಡ ಸಾಮಾನ್ಯವಾಗಿ ತಾನೇ ಪರದೆಯ ಮೇಲೆ ಚಿತ್ರ ಬಿಡಿಸುವುದಿಲ್ಲ. "ಇಲ್ಲೊಂದು ಗೆರೆ ಎಳಿ, ಇಲ್ಲೊಂದು ವೃತ್ತ ಹಾಕು, ಇದಕ್ಕೆ ಕಂದು ಬಣ್ಣ ತುಂಬು" ಎಂದು ಒಂದು ಲೈಬ್ರರಿಗೆ ಹೇಳುತ್ತದೆ. ಆ ಲೈಬ್ರರಿ ಗ್ರಾಫಿಕ್ಸ್ ಕಾರ್ಡ್‌ಗೆ ತಿಳಿಯುವ ಹಾಗೆ ಕೆಲಸ ಮಾಡಿಸುತ್ತದೆ. ಮದುವೆ ಮನೆಯಲ್ಲಿ ಯಜಮಾನ "ಐನೂರು ಮಂದಿಗೆ ಊಟ" ಅನ್ನುತ್ತಾನೆ, ಅಡುಗೆಯವರು ಒಲೆ ಹಚ್ಚುತ್ತಾರೆ. ಯಜಮಾನ ಗೇಮ್, ಅಡುಗೆಯವರು ಲೈಬ್ರರಿ. ಅಡುಗೆಯವರೇ ಊರು ಬಿಟ್ಟು ಹೋದರೆ ಯಜಮಾನ ಎಷ್ಟು ಕೂಗಿದರೂ ಎಲೆಗೆ ಅನ್ನ ಬೀಳುವುದಿಲ್ಲ.

ಅಣ್ಣನ ಎತ್ತುಗಳ ಮೈ ಒಂದು ಅಂಡಾಕಾರ, ಕಾಲು ನಾಲ್ಕು ಗೆರೆ, ಕೋಡು ಎರಡು ಕಮಾನು. 640 × 480 ಚುಕ್ಕೆಗಳ ಪರದೆ, ಒಟ್ಟು 16 ಬಣ್ಣ. ಎತ್ತು ಓಡಿಸಲು ಅವನು ಮಾಡಿದ ಉಪಾಯ ನೋಡಿ ನನಗೆ ಈಗಲೂ ಖುಷಿಯಾಯಿತು. ಎತ್ತಿನ ಚಿತ್ರವನ್ನು ಮೆಮೊರಿಗೆ ತುಂಬಿಕೊಂಡು ಎಕ್ಸ್-ಆರ್ ಎಂಬ ಲೆಕ್ಕದಲ್ಲಿ ಪರದೆಗೆ ಹಚ್ಚುತ್ತಿದ್ದ. ಅದೇ ಚಿತ್ರವನ್ನು ಅದೇ ಜಾಗದಲ್ಲಿ ಇನ್ನೊಮ್ಮೆ ಹಚ್ಚಿದರೆ ಅದು ತಾನೇ ಅಳಿಸಿಹೋಗಿ ಹಿಂದಿನ ದೃಶ್ಯ ಮರಳಿ ಬರುತ್ತದೆ. ಹಚ್ಚು, ಅಳಿಸು, ನಾಲ್ಕು ಚುಕ್ಕೆ ಮುಂದೆ ಹೋಗು, ಮತ್ತೆ ಹಚ್ಚು. ಹಿಂದಿನ ದೃಶ್ಯವನ್ನು ಪ್ರತಿ ಸಲ ಹೊಸದಾಗಿ ಬರೆಯುವಷ್ಟು ಪುರುಸೊತ್ತು ಆ ಯಂತ್ರಗಳಿಗೆ ಇರಲಿಲ್ಲ. ಇದನ್ನು ಅವನಿಗೆ ಯಾರೂ ಕಲಿಸಿರಲಿಲ್ಲ. ಟರ್ಬೊ ಸಿಯ ಹೆಲ್ಪ್ ಪುಟ ಓದಿ ಕಂಡುಕೊಂಡಿದ್ದ.

ಮೂರು ಕಡೆ ಬಾಗಿಲು ಹಾಕಿದೆ

ಕೋಡ್ ಇದೆ, ಟೈಪ್ ಮಾಡಿದರೆ ಮುಗಿಯಿತು ಎಂದುಕೊಂಡೆ. ದಿನಾ ಕೋಡ್ ಬರೆದೇ ಹೊಟ್ಟೆ ಹೊರೆಯುವವನು ನಾನು. ಆದರೆ ನನ್ನ ಲ್ಯಾಪ್‌ಟಾಪ್‌ನಲ್ಲಿ ಅದು ಸುತರಾಂ ಓಡಲು ಒಪ್ಪಲಿಲ್ಲ. ಕಾರಣ ಮೂರು.

ಮೊದಲನೆಯದು, ಟರ್ಬೊ ಸಿ ಹುಟ್ಟಿಸುವುದು 16 ಬಿಟ್ ಪ್ರೋಗ್ರಾಮ್. 64 ಬಿಟ್ ವಿಂಡೋಸ್ ಅಂಥದ್ದನ್ನು ಮನೆಯೊಳಗೇ ಬಿಟ್ಟುಕೊಳ್ಳುವುದಿಲ್ಲ.

ಎರಡನೆಯದು, ಡಾಸ್ ಕಾಲದ ಪ್ರೋಗ್ರಾಮ್‌ಗಳು ವಿಡಿಯೊ ಮೆಮೊರಿಗೆ ನೇರವಾಗಿ ಕೈ ಹಾಕುತ್ತಿದ್ದವು. ಆಗ ಕಂಪ್ಯೂಟರ್‌ನಲ್ಲಿ ಒಂದು ಹೊತ್ತಿಗೆ ಒಂದೇ ಪ್ರೋಗ್ರಾಮ್ ಓಡುತ್ತಿತ್ತು, ಆದ್ದರಿಂದ ನಡೆಯಿತು. ಈಗ ನಿಮ್ಮ ಬ್ರೌಸರ್, ವಾಟ್ಸ್ಆ್ಯಪ್, ಆಫೀಸಿನ ಮೀಟಿಂಗ್ ಎಲ್ಲ ಒಂದೇ ಪರದೆ ಹಂಚಿಕೊಂಡಿವೆ. ಹಾಗೆ ಯಾರೋ ಒಬ್ಬರು ನೇರವಾಗಿ ಬಂದು ಬರೆಯಲು ಬಿಡುವ ಹಾಗಿಲ್ಲ.

ಮೂರನೆಯದು, 32 ಬಿಟ್ ವಿಂಡೋಸ್ ಇದ್ದರೂ ವಿಸ್ತಾದಿಂದ ಮುಂದೆ ಬಂದ ಡಿಸ್ಪ್ಲೇ ಡ್ರೈವರ್‌ಗಳು ಡಾಸ್ ಪ್ರೋಗ್ರಾಮ್‌ಗೆ ಪೂರ್ತಿ ಪರದೆ ಬಿಟ್ಟುಕೊಡುವುದಿಲ್ಲ. ಕಾಲೇಜಿನಲ್ಲಿ ವಿಂಡೋಸ್ 7 ಬಂದ ವರ್ಷ "ಈ ಸಿಸ್ಟಮ್ ಫುಲ್ ಸ್ಕ್ರೀನ್ ಬೆಂಬಲಿಸುವುದಿಲ್ಲ" ಎಂಬರ್ಥದ ಎರರ್ ಕಂಡು ತಲೆ ಕೆರೆದುಕೊಂಡವರು ಎಷ್ಟೋ ಮಂದಿ.

ಇದಕ್ಕೆ ಇರುವ ಹಳೆಯ, ನಂಬಿಕಸ್ಥ ಮದ್ದು ಡಾಸ್‌ಬಾಕ್ಸ್. 2002ರಿಂದ ಇರುವ ಉಚಿತ ತಂತ್ರಾಂಶ. ನಿಮ್ಮ ಕಂಪ್ಯೂಟರ್‌ನ ಒಳಗೇ ಒಂದು ಹಳೆಯ ಡಾಸ್ ಕಂಪ್ಯೂಟರ್‌ನ ವೇಷ ಹಾಕುತ್ತದೆ. ಪ್ರೊಸೆಸರ್, ಸೌಂಡ್ ಕಾರ್ಡ್, ವಿಜಿಎ ಕಾರ್ಡ್ ಎಲ್ಲವೂ ಸಾಫ್ಟ್‌ವೇರ್‌ನಲ್ಲೇ. ಬಿಜಿಐ ಅಲ್ಲಿಗೆ ಹೋಗಿ ವಿಡಿಯೊ ಮೆಮೊರಿಯಲ್ಲಿ ಬರೆದೆ ಎಂದುಕೊಳ್ಳುತ್ತದೆ. ಡಾಸ್‌ಬಾಕ್ಸ್ ಅದನ್ನು ಎತ್ತಿ ಒಂದು ಕಿಟಕಿಯಲ್ಲಿ ತೋರಿಸುತ್ತದೆ. ಟರ್ಬೊ ಸಿ 2.01 ಆವೃತ್ತಿಯನ್ನು ಬೋರ್ಲ್ಯಾಂಡ್ ಕಂಪನಿಯೇ ಮುಂದೆ ಉಚಿತವಾಗಿ ಕೊಟ್ಟಿದ್ದರಿಂದ ಕಂಪೈಲರ್‌ಗೂ ತೊಂದರೆ ಆಗಲಿಲ್ಲ.

ರೈಸ್ ಮಿಲ್ಲಿನ ಕಂಪ್ಯೂಟರ್‌ನಲ್ಲಿ ರೋಡ್ ರ‍್ಯಾಶ್

ಅಣ್ಣನ ಆಟ ಡಾಸ್ ಕಾಲದ್ದು. ನಮ್ಮಲ್ಲಿ ಹೆಚ್ಚಿನವರು ಆಡಿದ್ದು ಅದರ ನಂತರದ ವಿಂಡೋಸ್ ಗೇಮ್‌ಗಳನ್ನು. ಅವುಗಳ ಕಾಯಿಲೆ ಬೇರೆ.

ನಾನು ಮೊದಲ ಸಲ ರೋಡ್ ರ‍್ಯಾಶ್ ಕಂಡದ್ದು ಗಂಗಾವತಿಯಲ್ಲಿ. ಅಲ್ಲಿಯ ನಮ್ಮ ಮಾವ ಒಂದು ರೈಸ್ ಮಿಲ್ಲಿನಲ್ಲಿ ಲೆಕ್ಕ ಬರೆಯುತ್ತಿದ್ದರು. ವಾರದ ಆರು ದಿನ ಭತ್ತದ ಲೆಕ್ಕ ಇರುತ್ತಿದ್ದ ಕಂಪ್ಯೂಟರ್ ಭಾನುವಾರ ನಮ್ಮದು. ಕೊಪ್ಪಳದ ಬಸ್ ಸ್ಟ್ಯಾಂಡ್ ಕಡೆಯ ಸೈಬರ್ ಕೆಫೆಯಲ್ಲಿ ಗಂಟೆಗೆ 20 ರೂಪಾಯಿ ಕೊಟ್ಟು 'ಏಜ್ ಆಫ್ ಎಂಪೈರ್ಸ್' ಆಡಿದ್ದು ಆಮೇಲೆ. ಕಾಲೇಜಿನ ರೂಮ್‌ಮೇಟ್ ಯಲಬುರ್ಗಾದವನು, 'ವೈಸ್ ಸಿಟಿ'ಯ ಹುಚ್ಚ. ಮೊನ್ನೆ ನಮ್ಮ ಗ್ರೂಪಿನಲ್ಲಿ ಅವನದೇ ಮೆಸೇಜು: "ಹೊಸ ಲ್ಯಾಪ್‌ಟಾಪ್ ತಗೊಂಡೆ. ಲಕ್ಷ ರೂಪಾಯಿ ಕೊಟ್ಟೀನಿ. ವೈಸ್ ಸಿಟಿ ಓಪನ್ ಆಗವಲ್ದು."

ಲಕ್ಷ ರೂಪಾಯಿ ಯಂತ್ರ ಇಪ್ಪತ್ತು ವರ್ಷ ಹಿಂದಿನ ಗೇಮ್ ಯಾಕೆ ಓಡಿಸಲಾರದು? ಶಕ್ತಿ ಕಡಿಮೆ ಬಿದ್ದಿಲ್ಲ. ಭಾಷೆ ಮರೆತುಹೋಗಿದೆ.

ವಿಂಡೋಸ್ 95 ಬಂದಾಗ ಗೇಮ್ ಬರೆಯುವವರು ಡಾಸ್ ಬಿಡಲು ತಯಾರಿರಲಿಲ್ಲ. ವಿಂಡೋಸ್‌ನಲ್ಲಿ ಚಿತ್ರ ನಿಧಾನ. ಅವರನ್ನು ಕರೆತರಲು ಮೈಕ್ರೊಸಾಫ್ಟ್ 1995ರ ಸೆಪ್ಟೆಂಬರ್‌ನಲ್ಲಿ ಡೈರೆಕ್ಟ್ಎಕ್ಸ್ ಎಂಬ ಲೈಬ್ರರಿಗಳ ಗಂಟು ಕೊಟ್ಟಿತು. ಅದರಲ್ಲಿ ಎರಡು ಆಯಾಮದ ಚಿತ್ರಕ್ಕೆ ಡೈರೆಕ್ಟ್‌ಡ್ರಾ ಇತ್ತು. ಮೂರು ಆಯಾಮಕ್ಕೆ ಡೈರೆಕ್ಟ್3ಡಿ ಅದರ ಹಿಂದೆಯೇ ಬಂತು. 2000ದಲ್ಲಿ ಬಂದ ಡೈರೆಕ್ಟ್ಎಕ್ಸ್ 8ರ ಹೊತ್ತಿಗೆ ಡೈರೆಕ್ಟ್‌ಡ್ರಾವನ್ನು ಪಕ್ಕಕ್ಕೆ ಇಟ್ಟಾಗಿತ್ತು. ಹಳೆಯ ಗೇಮ್‌ಗಳಿಗಾಗಿ ಅದನ್ನು ಇನ್ನೂ ಉಳಿಸಿಕೊಂಡಿದ್ದಾರೆ, ಆದರೆ ಮೊದಲಿನ ಹಾಗೆ ಆರೈಕೆ ಇಲ್ಲ.

ಇದರ ಒಂದು ಪರಿಣಾಮ ನಿಮ್ಮಲ್ಲಿ ಕೆಲವರು ಕಣ್ಣಾರೆ ಕಂಡಿರಬಹುದು. ವಿಂಡೋಸ್ ವಿಸ್ತಾ ಅಥವಾ 7ರಲ್ಲಿ ಏಜ್ ಆಫ್ ಎಂಪೈರ್ಸ್ ಹಾಕಿದರೆ ಹಸಿರು ಹುಲ್ಲು, ನೀಲಿ ನೀರು ಇರಬೇಕಾದಲ್ಲಿ ನೇರಳೆ, ಕೆಂಪು ಕಲೆ. ಆ ಗೇಮ್ ಬಳಸುವುದು ಒಟ್ಟು 256 ಬಣ್ಣ. ಯಾವ ಸಂಖ್ಯೆಗೆ ಯಾವ ಬಣ್ಣ ಎಂಬ ಪಟ್ಟಿಯನ್ನು ಅದು ಡೈರೆಕ್ಟ್‌ಡ್ರಾಗೆ ಕೊಡುತ್ತದೆ. ಹಿಂದೆ ಓಡುತ್ತಿದ್ದ ವಿಂಡೋಸ್ ಎಕ್ಸ್‌ಪ್ಲೋರರ್ ಆ ಪಟ್ಟಿಯಲ್ಲಿ ತನ್ನ ಬಣ್ಣಗಳನ್ನು ತುರುಕುತ್ತಿತ್ತು. ಟಾಸ್ಕ್ ಮ್ಯಾನೇಜರ್‌ನಲ್ಲಿ ಎಕ್ಸ್‌ಪ್ಲೋರರ್ ಮುಚ್ಚಿ ಗೇಮ್ ಶುರು ಮಾಡಿದರೆ ಹುಲ್ಲು ಹಸಿರಾಗುತ್ತಿತ್ತು. ಸೈಬರ್ ಕೆಫೆಯ ಅಣ್ಣನಿಗೆ ಕಾರಣ ಗೊತ್ತಿತ್ತೋ ಇಲ್ಲವೋ, ಮದ್ದು ಮಾತ್ರ ಗೊತ್ತಿತ್ತು.

ಇನ್ನೊಂದು ಗ್ಲೈಡ್. 3ಡಿಎಫ್ಎಕ್ಸ್ ಎಂಬ ಅಮೆರಿಕದ ಕಂಪನಿ 1996ರಲ್ಲಿ ವೂಡೂ ಎಂಬ 3ಡಿ ಕಾರ್ಡ್ ತಂದಿತು. ಅದರ ಜೊತೆ ಬಂದ ಲೈಬ್ರರಿ ಗ್ಲೈಡ್, ತನ್ನ ಕಾರ್ಡ್‌ಗೆ ಮಾತ್ರ. 1997ರ 'ನೀಡ್ ಫಾರ್ ಸ್ಪೀಡ್ 2 ಎಸ್ಇ' ಆ ಕಾರ್ಡ್ ಇದ್ದ ಕಂಪ್ಯೂಟರ್‌ನಲ್ಲಿ ಕಾಣುತ್ತಿದ್ದ ರೀತಿಯೇ ಬೇರೆ. ಆದರೆ 2000ದ ಕೊನೆಗೆ ಕಂಪನಿ ಸೋತು ತನ್ನ ತಂತ್ರಜ್ಞಾನವನ್ನು ಎನ್‌ವಿಡಿಯಾಗೆ ಮಾರಲು ಒಪ್ಪಿತು. ಕಾರ್ಡ್ ಹೋಯಿತು, ಡ್ರೈವರ್ ಹೋಯಿತು. ಗ್ಲೈಡ್ ನಂಬಿ ಬರೆದ ಗೇಮ್‌ಗಳು ಮಾತ್ರ ಸಿಡಿಗಳಲ್ಲಿ ಉಳಿದವು.

ನುಡಿ ಫೈಲ್ ನೆನಪಿದೆಯಾ?

ಹಾಗಾದರೆ ಇವತ್ತು ಯಾರೂ ಆ ಗೇಮ್ ಆಡುತ್ತಿಲ್ಲವೇ? ಆಡುತ್ತಿದ್ದಾರೆ. ಹೇಗೆ ಎಂಬುದು ಕನ್ನಡದವರಿಗೆ ಬೇಗ ಅರ್ಥವಾಗುತ್ತದೆ. ಈ ಕಷ್ಟ ನಾವು ಇನ್ನೊಂದು ಕಡೆ ಉಂಡಿದ್ದೇವೆ.

ಹಳೆಯ ನುಡಿ ಅಥವಾ ಬರಹದಲ್ಲಿ ಟೈಪ್ ಮಾಡಿದ ಮದುವೆ ಪತ್ರಿಕೆಯನ್ನೋ ಕಚೇರಿ ಅರ್ಜಿಯನ್ನೋ ಹೊಸ ಫೋನಿನಲ್ಲಿ ತೆರೆದಿದ್ದೀರಾ? ಕನ್ನಡದ ಜಾಗದಲ್ಲಿ ಅರ್ಥವಿಲ್ಲದ ಇಂಗ್ಲಿಷ್ ಅಕ್ಷರ, ಚಿಹ್ನೆಗಳ ರಾಶಿ ಕಾಣುತ್ತದೆ. ಫೈಲ್ ಕೆಟ್ಟಿಲ್ಲ. ಅದರ ಒಂದೊಂದು ಸಂಕೇತವೂ ಒಂದು ಕನ್ನಡ ಅಕ್ಷರದ ತುಂಡು. ಆ ಫಾಂಟ್ ಇಲ್ಲದ ಕಡೆ ಓದಿ ಹೇಳುವವರಿಲ್ಲ, ಅಷ್ಟೇ. ಯುನಿಕೋಡ್ ಪರಿವರ್ತಕಕ್ಕೆ ಹಾಕಿ, ಪೂರ್ತಿ ಕನ್ನಡ ಎದ್ದು ಕೂರುತ್ತದೆ.

ಹಳೆಯ ಗೇಮ್‌ಗೂ ಇಂಥದ್ದೇ ಪರಿವರ್ತಕ ಇದೆ. ಅದನ್ನು ರ‍್ಯಾಪರ್ ಅನ್ನುತ್ತಾರೆ. ಗೇಮ್ ಗ್ಲೈಡ್ ಭಾಷೆಯಲ್ಲಿ "ಈ ತ್ರಿಕೋನ ಬಿಡಿಸು" ಅಂದರೆ ರ‍್ಯಾಪರ್ ಅದನ್ನು ಇವತ್ತಿನ ಡೈರೆಕ್ಟ್3ಡಿ 11 ಅಥವಾ ವಲ್ಕನ್ ಭಾಷೆಗೆ ತಿರುಗಿಸಿ ಹೊಸ ಕಾರ್ಡ್‌ಗೆ ಹೇಳುತ್ತದೆ. ಎನ್‌ಗ್ಲೈಡ್ ಇದನ್ನು ಗ್ಲೈಡ್ ಗೇಮ್‌ಗಳಿಗೆ ಮಾಡುತ್ತದೆ. ಡಿಜಿವೂಡೂ 2 ಗ್ಲೈಡ್ ಜೊತೆಗೆ ಡೈರೆಕ್ಟ್‌ಡ್ರಾವನ್ನೂ ಹಳೆಯ ಡೈರೆಕ್ಟ್3ಡಿಯನ್ನೂ ನೋಡಿಕೊಳ್ಳುತ್ತದೆ. ಲಿನಕ್ಸ್‌ನಲ್ಲಿ ವಿಂಡೋಸ್ ಗೇಮ್ ಓಡಿಸುವ ವೈನ್ ಯೋಜನೆ 1993ರಿಂದ ನಡೆದಿದೆ. ಅದರ ಜೊತೆಗೂಡಿ ಕೆಲಸ ಮಾಡುವ ಡಿಎಕ್ಸ್‌ವಿಕೆ ಡೈರೆಕ್ಟ್3ಡಿಯ ಮಾತನ್ನು ವಲ್ಕನ್‌ಗೆ ತಿರುಗಿಸುತ್ತದೆ.

ಇದರ ಕೀಲಿಕೈ ಒಂದು ಸಣ್ಣ ಸಂಗತಿ. ಗೇಮ್ ತನಗೆ ಬೇಕಾದ ಡಿಎಲ್ಎಲ್ ಫೈಲನ್ನು ಸಾಮಾನ್ಯವಾಗಿ ಮೊದಲು ತನ್ನ ಫೋಲ್ಡರ್‌ನಲ್ಲೇ ಹುಡುಕುತ್ತದೆ, ಆಮೇಲೆ ವಿಂಡೋಸ್ ಫೋಲ್ಡರ್‌ಗೆ ಹೋಗುತ್ತದೆ. ಹಾಗಾಗಿ ರ‍್ಯಾಪರ್ ಬರೆದವರು ಅದೇ ಹೆಸರಿನ ಫೈಲ್ ಮಾಡಿ, ಒಳಗೆ ಹಳೆಯ ಹೆಸರಿನ ಎಲ್ಲ ಫಂಕ್ಷನ್ ಇಟ್ಟು, ಗೇಮ್ ಫೋಲ್ಡರ್‌ನಲ್ಲಿ ಹಾಕಿ ಅನ್ನುತ್ತಾರೆ. ಗೇಮ್‌ಗೆ ವ್ಯತ್ಯಾಸವೇ ತಿಳಿಯುವುದಿಲ್ಲ.

ಕೇಳಲು ಸುಲಭ. ಮಾಡಿದವರ ಕಷ್ಟ ದೊಡ್ಡದು. ಹಳೆಯ ಕಾರ್ಡ್ ಎಲ್ಲಿ ಬಣ್ಣ ಹೇಗೆ ಬೆರೆಸುತ್ತಿತ್ತು, ಯಾವ ಗೇಮ್ ಯಾವ ತಪ್ಪನ್ನು ನೆಚ್ಚಿಕೊಂಡಿತ್ತು ಎಂಬುದನ್ನೂ ನಕಲು ಮಾಡಬೇಕು. ಈ ಕೆಲಸದ ದೊಡ್ಡ ಪಾಲು ಶುರುವಾದದ್ದು ಕಂಪನಿಗಳಲ್ಲಿ ಅಲ್ಲ. ಒಬ್ಬೊಬ್ಬರೇ ಪ್ರೋಗ್ರಾಮರ್‌ಗಳು ತಮಗೆ ಇಷ್ಟದ ಗೇಮ್ ಓಡಲಿ ಎಂದು ವರ್ಷಗಟ್ಟಲೆ ರಾತ್ರಿ ಕೂತು ಬರೆದರು. ಆಮೇಲೆ ಕಂಪನಿಗಳೂ ಅದೇ ದಾರಿಗೆ ಬಂದವು. 2022ರಲ್ಲಿ ಬಂದ ಸ್ಟೀಮ್ ಡೆಕ್ ವಿಂಡೋಸ್ ಗೇಮ್ ಓಡಿಸುವುದು ಡಿಎಕ್ಸ್‌ವಿಕೆ ಬಲದಿಂದ. ಅದೇ ವರ್ಷ ಇಂಟೆಲ್ ತನ್ನ ಆರ್ಕ್ ಕಾರ್ಡ್‌ಗಳಲ್ಲಿ ಡೈರೆಕ್ಟ್ಎಕ್ಸ್ 9ಕ್ಕೆ ನೇರ ಬೆಂಬಲ ಕೊಡದೆ, ಅದನ್ನು ಡೈರೆಕ್ಟ್ಎಕ್ಸ್ 12ಕ್ಕೆ ತಿರುಗಿಸುವ ಪದರವನ್ನು ನೆಚ್ಚಿಕೊಂಡಿತು.

ನಿಮ್ಮ ಹಳೆಯ ಗೇಮ್‌ಗೆ ಏನು ಮಾಡಬಹುದು?

ಗ್ರೂಪಿನಲ್ಲಿ ಗೆಳೆಯರಿಗೆ ಬರೆದು ಕಳಿಸಿದ್ದನ್ನೇ ಇಲ್ಲಿ ಕೊಡುತ್ತೇನೆ.

• ಡೇವ್, ಪ್ರಿನ್ಸ್ ಆಫ್ ಪರ್ಷಿಯಾ ಥರದ ಡಾಸ್ ಗೇಮ್‌ಗೆ ಡಾಸ್‌ಬಾಕ್ಸ್. ತುಂಬ ನಿಧಾನ ಅನ್ನಿಸಿದರೆ ಕಂಟ್ರೋಲ್ ಜೊತೆ ಎಫ್12, ತುಂಬ ಜೋರಾದರೆ ಕಂಟ್ರೋಲ್ ಜೊತೆ ಎಫ್11 ಒತ್ತಿ.

• 1996ರಿಂದ 2003ರವರೆಗಿನ ವಿಂಡೋಸ್ ಗೇಮ್ ಬಣ್ಣಗೆಟ್ಟು ಕಂಡರೆ ಅಥವಾ ತೆರೆಯದಿದ್ದರೆ ಡಿಜಿವೂಡೂ 2 ಪ್ರಯತ್ನಿಸಿ. ಗ್ಲೈಡ್ ಗೇಮ್‌ಗೆ ಎನ್‌ಗ್ಲೈಡ್ ಕೂಡ ಆಗುತ್ತದೆ.

• 'ಡಿ3ಡಿಎಕ್ಸ್9' ಎಂದು ಶುರುವಾಗುವ ಡಿಎಲ್ಎಲ್ ಇಲ್ಲ ಎಂಬ ಎರರ್ ಬಂದರೆ ಗೇಮ್ ಕೆಟ್ಟಿಲ್ಲ. ಆ ಫೈಲ್ ಹೊಸ ವಿಂಡೋಸ್ ಜೊತೆ ಬರುವುದಿಲ್ಲ. ಮೈಕ್ರೊಸಾಫ್ಟ್‌ನ 2010ರ ಜೂನ್ ಡೈರೆಕ್ಟ್ಎಕ್ಸ್ ರನ್‌ಟೈಮ್ ಹಾಕಿಕೊಳ್ಳಿ.

• ಡೈರೆಕ್ಟ್‌ಪ್ಲೇ ಕೇಳಿದರೆ ವಿಂಡೋಸ್ ಫೀಚರ್ಸ್ ಪಟ್ಟಿಯ ಲೆಗಸಿ ಕಾಂಪೊನೆಂಟ್ಸ್ ಒಳಗೆ ಟಿಕ್ ಮಾಡಿ.

• ಒಂದೊಂದು ಡಿಎಲ್ಎಲ್ ಬಿಡಿಬಿಡಿಯಾಗಿ ಹಂಚುವ ಅಪರಿಚಿತ ಸೈಟ್‌ಗಳ ಕಡೆ ಹೋಗಲೇಬೇಡಿ. ವೈರಸ್ ಅಲ್ಲಿಂದಲೇ ಬರುತ್ತದೆ. ರ‍್ಯಾಪರ್ ಬೇಕಾದರೆ ಅದನ್ನು ಬರೆದವರ ಪುಟದಿಂದಲೇ ತನ್ನಿ.

• ವೈಸ್ ಸಿಟಿ ತೆರೆದ ಮೇಲೆ ಅದರ ಫ್ರೇಮ್ ಲಿಮಿಟರ್ ಆನ್ ಇರಲಿ. ಆಫ್ ಮಾಡಿದರೆ ಆಟದೊಳಗಿನ ಚಲನೆಯ ಲೆಕ್ಕವೇ ಏರುಪೇರಾಗುತ್ತದೆ.

ಈ ಕೊನೆಯ ಕಾಯಿಲೆ ಅಣ್ಣನ ಎತ್ತುಗಳಿಗೂ ಇತ್ತು.

31ನೇ ಪುಟ

ಮರುದಿನ ಅಂಗಡಿಗೆ ಬೀಗ ಬಿದ್ದ ಮೇಲೆ ಮೂವರೂ ಕೂತೆವು. ಅಣ್ಣ ಕನ್ನಡಕ ಹಾಕಿಕೊಂಡು ರಿಪೋರ್ಟ್ ಓದಿ ಹೇಳಿದ, ಅವನ ಮಗ ಟೈಪ್ ಮಾಡಿದ, ನಾನು ತಪ್ಪು ನೋಡಿದೆ. ಮಸುಕಾದ ಪ್ರಿಂಟ್‌ನಲ್ಲಿ ಒಂದೂ ಎಲ್ ಅಕ್ಷರವೂ ಒಂದೇ ಥರ ಕಾಣುತ್ತಿದ್ದವು. ಎರಡು ರಾತ್ರಿ ಹಿಡಿಯಿತು.

31ನೇ ಪುಟ ಬಂತು. ಎತ್ತು ಓಡಿಸುವ ಲೂಪ್, ಕರಿ ಹರಿದವರು ಯಾರೆಂದು ನೋಡುವ ಭಾಗ, ಎರಡೂ ಅಲ್ಲಿದ್ದವು. "ನಾ ಬರಿತೀನಿ ಬಿಡು" ಅಂದೆ. ಹತ್ತು ನಿಮಿಷದಲ್ಲಿ ಬರೆದೆ. ಎತ್ತಿನ ಎರಡು ಹೆಜ್ಜೆಯ ನಡುವೆ ಸ್ವಲ್ಪ ತಡೆಯಲು ಐವತ್ತು ಸಾವಿರ ಸಲ ಸುಮ್ಮನೆ ತಿರುಗುವ ಒಂದು ಲೂಪ್ ಹಾಕಿದೆ. ಓಡಿಸಿದರೆ ಪರದೆ ಕಲ್ಲಾಗಿ ನಿಂತಿತು.

ನಾನು ಬಿಜಿಐ ಮೇಲೆ, ಡಾಸ್‌ಬಾಕ್ಸ್ ಮೇಲೆ ಅನುಮಾನ ಪಡುತ್ತಾ ಕೂತೆ. ಅಣ್ಣ ಹಿಂದಿನಿಂದ ಬಗ್ಗಿ ನೋಡಿದ.

"ಲೇ, ಟರ್ಬೊ ಸಿ ಒಳಗ ಇಂಟ್ 32,767ರ ಆಚೆ ಹೋಗಂಗಿಲ್ಲ. ಐವತ್ತು ಸಾವಿರ ಅಂದ್ರ ಅದಕ್ಕ ಮುಟ್ಟೋದ ಇಲ್ಲ. ತಿರುಗಿ ಮೈನಸ್‌ಗೆ ಹೋಕ್ಕತಿ."

ಖರೇ ಇತ್ತು. 16 ಬಿಟ್ ಕಾಲದ ಮಾತು. ನಾನು ಕೆಲಸಕ್ಕೆ ಸೇರಿದ ಮೇಲೆ ಆ ಮಿತಿಯನ್ನು ಒಮ್ಮೆಯೂ ನೋಡಿರಲಿಲ್ಲ. ಇಪ್ಪತ್ತು ವರ್ಷ ಕೋಡ್ ಮುಟ್ಟದ ಮನುಷ್ಯನಿಗೆ ನೆನಪಿತ್ತು. ಲ್ಯಾಪ್‌ಟಾಪ್ ಅವನ ಕಡೆ ತಿರುಗಿಸಿದೆ. ಒಂದೊಂದೇ ಬೆರಳಲ್ಲಿ ಒತ್ತುತ್ತಾ, ನಡುನಡುವೆ ನಿಲ್ಲುತ್ತಾ, 31ನೇ ಪುಟವನ್ನು ಅವನೇ ಮತ್ತೆ ಬರೆದ. ಮಗ ಮೊಬೈಲ್ ಕೆಳಗಿಟ್ಟು ಅಪ್ಪನ ಕೈ ನೋಡುತ್ತಿದ್ದ.

ಎತ್ತುಗಳು ಓಡಿದವು. ಓಡಿದವು ಅನ್ನುವುದಕ್ಕಿಂತ ತೆವಳಿದವು. ಅಣ್ಣ ಖಾಲಿ ಲೂಪ್‌ನ ಅಳತೆ ಹಿಡಿದದ್ದು ಲ್ಯಾಬಿನ ಪೆಂಟಿಯಂ ಯಂತ್ರಕ್ಕೆ. ಡಾಸ್‌ಬಾಕ್ಸ್ ತಾನಾಗಿ ಆರಿಸಿಕೊಳ್ಳುವ ವೇಗ ಅದಕ್ಕಿಂತ ಬಹಳ ಕಡಿಮೆ. ಕಂಟ್ರೋಲ್ ಎಫ್12 ಒತ್ತುತ್ತಾ ಹೋದ ಹಾಗೆ ಎತ್ತುಗಳಿಗೆ ಕಸುವು ಬಂತು.

ಆಮೇಲೆ ಇನ್ನೊಂದು ಪ್ರಯೋಗ ಮಾಡಿದೆ. ಎಸ್‌ಡಿಎಲ್ ಬಿಜಿಐ ಎಂಬ ಹೊಸ ಲೈಬ್ರರಿ ಇದೆ. ಫಂಕ್ಷನ್‌ಗಳ ಹೆಸರು ಹಳೆಯ ಬಿಜಿಐನವೇ, ಒಳಗೆ ಇವತ್ತಿನ ಎಸ್‌ಡಿಎಲ್. ಅದರ ಜೊತೆ ಕೋಡನ್ನು ಹೊಸ ಕಂಪೈಲರ್‌ಗೆ ಕೊಟ್ಟರೆ ಡಾಸ್‌ಬಾಕ್ಸ್ ಇಲ್ಲದೆ ನೇರವಾಗಿ ಓಡಿತು. ಆದರೆ ಈ ಸಲ ಎತ್ತುಗಳು ಕಣ್ಣಿಗೇ ಕಾಣದ ಹಾಗೆ ಜಿಗಿದವು. ಹೊಸ ಕಂಪೈಲರ್ ಜಾಣ. ಈ ಲೂಪ್‌ನಿಂದ ಯಾವ ಕೆಲಸವೂ ಆಗುತ್ತಿಲ್ಲ ಎಂದು ಕಂಡುಕೊಂಡು ಅದನ್ನೇ ತೆಗೆದುಹಾಕಿತ್ತು! ಲೂಪ್ ಇದ್ದಲ್ಲಿ ಮಿಲಿಸೆಕೆಂಡ್ ಲೆಕ್ಕದ ಡಿಲೇ ಹಾಕಿದ ಮೇಲೆ ಸರಿಹೋಯಿತು. ಯಂತ್ರದ ವೇಗ ನಂಬಿ ಬರೆದ ಗೇಮ್‌ಗಳೆಲ್ಲ ಒಂದಲ್ಲ ಒಂದು ದಿನ ಇಲ್ಲಿಗೇ ಬರುತ್ತವೆ.

ನಾನು ಎಂಜಿನಿಯರಿಂಗ್ ಆರನೇ ಸೆಮಿಸ್ಟರ್‌ನಲ್ಲಿ ಓಪನ್‌ಜಿಎಲ್ ಲ್ಯಾಬ್ ಮಾಡಿದ್ದು 2015ರಲ್ಲಿ. ಘನ ತಿರುಗಿಸಿದ್ದೆವು, ಟೇಬಲ್ ಮೇಲೆ ಚಹಾದ ಕಿಟಲಿ ಇಟ್ಟಿದ್ದೆವು. ನಾವು ಕಲಿತ ಆ ಶೈಲಿಯನ್ನು ಓಪನ್‌ಜಿಎಲ್ 2008ರಲ್ಲೇ ಹಳತು ಎಂದು ಘೋಷಿಸಿ, ಮರುವರ್ಷ ಮುಖ್ಯ ಭಾಗದಿಂದ ತೆಗೆದಿತ್ತು. ಆಗ ಇದು ಯಾತಕ್ಕೆ ಉಪಯೋಗ ಎಂದು ಗೊಣಗಿದ್ದೆ. ಈಗ ಗೊಣಗುವುದಿಲ್ಲ. ಹಳೆಯ ಲೈಬ್ರರಿ ಓದಬಲ್ಲವರು ಇದ್ದರೆ ಮಾತ್ರ ಅದರಲ್ಲಿ ಬರೆದದ್ದನ್ನು ಹೊಸದಕ್ಕೆ ತಿರುಗಿಸಲು ಸಾಧ್ಯ.

ಊಟವಾದ ಮೇಲೆ ಕಟ್ಟೆಯ ಮೇಲೆ ಕೂತಾಗ ಅಣ್ಣನಿಗೆ ಒಂದು ವಿಷಯ ಹೇಳಿದೆ. ರಾಯಚೂರಿನಿಂದ ಬೇರೆಯಾಗಿ ನಮ್ಮ ಕೊಪ್ಪಳ ಜಿಲ್ಲೆ ಆದ 1997ರಲ್ಲೇ ಬೆಂಗಳೂರಿನಲ್ಲಿ ಧ್ರುವ ಇಂಟರಾಕ್ಟಿವ್ ಎಂಬ ಗೇಮ್ ಕಂಪನಿ ಶುರುವಾಗಿತ್ತು, ವಿದೇಶದ ದೊಡ್ಡ ಗೇಮ್‌ಗಳಿಗೆ ಕೆಲಸ ಮಾಡುತ್ತಿತ್ತು. ಮುಂದೆ 2019ರಲ್ಲಿ ಅದನ್ನು ಕೊಂಡದ್ದು ವೈಸ್ ಸಿಟಿಯ ರಾಕ್‌ಸ್ಟಾರ್. ಅಂದರೆ ಅಣ್ಣ ಎಕ್ಸ್-ಆರ್ ಹಚ್ಚಿ ಎತ್ತು ಓಡಿಸುತ್ತಿದ್ದಾಗ ಇದೇ ರಾಜ್ಯದಲ್ಲಿ ಅಂಥ ನೌಕರಿ ಇತ್ತು.

ಅಣ್ಣ ಸ್ವಲ್ಪ ಹೊತ್ತು ಮಾತಾಡಲಿಲ್ಲ. "ಇತ್ತೇನು? ನಮಗ ಯಾರು ಹೇಳಬೇಕು ಬಿಡು" ಅಂದ. ಡಿಪ್ಲೊಮಾ ಮುಗಿದ ವರ್ಷ ಅಪ್ಪನಿಗೆ ಹುಷಾರಿಲ್ಲದೆ ಅವನು ಅಂಗಡಿಗೆ ಕೂತ. ಆ ಅಂಗಡಿಯ ದುಡ್ಡಿನಲ್ಲೇ ನನ್ನ ಎಂಜಿನಿಯರಿಂಗ್ ಆಯಿತು. ಈ ಮಾತನ್ನು ನಾವಿಬ್ಬರೂ ಅಂದು ಆಡಲಿಲ್ಲ. ಹಿಂದೆಯೂ ಆಡಿದವರಲ್ಲ.

ಬೆಂಗಳೂರಿಗೆ ಹೊರಡುವ ಮೊದಲು ಆಟವನ್ನು ಒಂದು ಫೋಲ್ಡರ್ ಮಾಡಿ ಮೂರು ಕಡೆ ಇಟ್ಟೆ. ಅದರಲ್ಲಿ ಕೋಡ್ ಇದೆ, ಓಡುವ ಫೈಲ್ ಇದೆ, ಡಾಸ್‌ಬಾಕ್ಸ್ ಇದೆ, ಬಿಜಿಐ ಡ್ರೈವರ್ ಇದೆ, ರಿಪೋರ್ಟಿನ ಪ್ರತಿ ಪುಟದ ಫೋಟೊ ಇದೆ. ಹೇಗೆ ಓಡಿಸಬೇಕು ಎಂದು ಕನ್ನಡದಲ್ಲಿ ಬರೆದ ಒಂದು ಚೀಟಿಯೂ ಇದೆ. ನಿಮ್ಮ ಮನೆಯಲ್ಲೂ ಯಾರಾದರೂ ಬರೆದದ್ದು, ಮಾಡಿದ್ದು ಹಳೆಯ ಸಿಡಿಯಲ್ಲಿ, ಪೆನ್‌ಡ್ರೈವ್‌ನಲ್ಲಿ ಇದ್ದರೆ ಫೈಲ್ ಮಾತ್ರ ಉಳಿಸಬೇಡಿ. ಅದನ್ನು ತೆರೆಯುವ ಸಾಮಾನನ್ನೂ ಜೊತೆಗಿಡಿ. ಬರೆದವರು ಇರುವಾಗಲೇ ಕೇಳಿ ಬರೆದುಕೊಳ್ಳಿ.

ಕಳೆದ ವಾರ ಅಣ್ಣನ ಮಗ ಫೋನ್ ಮಾಡಿದ್ದ. ಮೂರನೇ ಎತ್ತು ಬೇಕಂತೆ, ಮೂವರು ಆಡಲು.

"ಅಪ್ಪಗ ಹೇಳಿದೆ ಕಾಕಾ. ನೀನ ಬರಿ ಅಂದ. ಅಂಡಾಕಾರ ಬಿಡಿಸೋದು ಬಂತು. ಕೋಡು ಬರವಲ್ದು. ಇವತ್ತ ಸಂಜಿಗೆ ಅಂಗಡಿ ಮುಚ್ಚಿದ ಮ್ಯಾಲ ತೋರಿಸ್ತಾನಂತ."